‘ಫಿಯೋರ್ಡ್’: ಕೊಲ್ಲಿ ಎನ್ನಬೇಕೇ, ಅಳಿವೆ ಎನ್ನಬೇಕೇ?

ಮಾನ್ಯರೇ,

ನ್ಯೂಜಿಲೆಂಡಿನ ದಕ್ಷಿಣ ದ್ವೀಪದಲ್ಲಿರುವ ಪಿಯೊಪಿಯೊತಾಹಿಯ ಬಗೆಗಿನ ಬರಹವೊಂದನ್ನು ಕನ್ನಡಕ್ಕೆ ತರುತ್ತಿದ್ದು, ‘ಫಿಯೋರ್ಡ್’ ಎಂಬ ಪದದ ಮುಂದೆ ಬಂದು ನಿಂತಿದ್ದೇನೆ. ಹಿಮನದಿಯು ಬೆಟ್ಟಗಳ ನಡುವೆ ಆಳವಾಗಿ ಕೊರೆದ ಕಣಿವೆಯೊಳಕ್ಕೆ, ಹಿಮ ಕರಗಿ ಕಡಲಮಟ್ಟ ಏರಿದ ಮೇಲೆ, ಸಮುದ್ರದ ನೀರು ನುಗ್ಗಿ ನೆಲೆಸಿದರೆ ಅದು ಫಿಯೋರ್ಡ್. ಕರಡಿನಲ್ಲಿ ‘ಕೊಲ್ಲಿ’ ಎಂದು ಬರೆದಿದ್ದೆ. ಓದಿದ ಗೆಳೆಯರಿಗೆ ಬಂಗಾಳ ಕೊಲ್ಲಿಯ ಹರವು ಕಣ್ಣಿಗೆ ಬಂದಿತಂತೆ. ಇಲ್ಲಿರುವುದಾದರೋ ಸುಮಾರು 15 ಕಿ.ಮೀ. ಉದ್ದದ, ಓಣಿಯಂಥ ನೀರು. ಅದರ ಅಂಚಿನಿಂದಲೇ ಮೈಟರ್ ಶಿಖರ 1,680 ಮೀಟರಿಗೂ ಎತ್ತರಕ್ಕೆ ಎದ್ದು ನಿಂತಿದೆ.

‘ಅಳಿವೆ’ ನಮ್ಮ ಕರಾವಳಿಯ ಸೊಗಸಾದ ಪದ, ಆದರೆ ಅದು ನದಿ ಕಡಲು ಸೇರುವ ಜಾಗ. ಅಳಿವೆಯ ಬಾಯಿಗೆ ಮರಳಿನ ದಿಬ್ಬ ಅಡ್ಡ ಬರುವಂತೆ ಫಿಯೋರ್ಡಿನ ಬಾಯಲ್ಲೂ ನೀರಿನಡಿ ಒಂದು ದಿಬ್ಬವಿದ್ದು, ಒಳಗಿನ ಆಳ ಬಾಯಿಗಿಂತ ಹೆಚ್ಚಿರುತ್ತದೆ (ಈ ದಿಬ್ಬಕ್ಕೆ ‘ಹೊಸ್ತಿಲು’ ಎಂದರೆ ಒಪ್ಪುತ್ತದೆಂದು ನನಗೆ ತೋರುತ್ತದೆ). ಪಿಯೊಪಿಯೊತಾಹಿಯಲ್ಲಿ ವರ್ಷಕ್ಕೆ 6,000 ಮಿ.ಮೀ. ಮೀರಿ ಸುರಿಯುವ ಮಳೆ ಕಾಡಿನ ಕಸರನ್ನು ತೊಳೆದು ತಂದು, ಚಹಾ ಬಣ್ಣದ ಸಿಹಿನೀರಿನ ಪದರವಾಗಿ ಉಪ್ಪುನೀರಿನ ಮೇಲೆ ನಿಲ್ಲುತ್ತದೆ. ಬೆಳಕು ಕೆಳಗಿಳಿಯದ ಕಾರಣ ಆಳದಲ್ಲಿರಬೇಕಾದ ಕಪ್ಪು ಹವಳ ಇಲ್ಲಿ ಮೇಲುನೀರಿಗೇ ಬಂದಿದೆ. ಇದನ್ನು ಅಳಿವೆ ಎನ್ನಲು ಮನಸ್ಸು ಒಪ್ಪುವುದಿಲ್ಲ.

ಇಂಗ್ಲಿಷಿನವರೂ ಇಲ್ಲಿ ಎಡವಿದವರೇ. ವೇಲ್ಸಿನ ಮಿಲ್ಫರ್ಡ್ ಹೇವನ್ ನೆನಪಿನಲ್ಲಿ ಪಿಯೊಪಿಯೊತಾಹಿಗೆ ಇಟ್ಟ ಹೆಸರು ಮುಂದೆ ‘ಮಿಲ್ಫರ್ಡ್ ಸೌಂಡ್’ ಆಯಿತು. ವೇಲ್ಸಿನದು ಹಿಮನದಿಯದಲ್ಲ, ಮುಳುಗಿದ ನದೀಕಣಿವೆ. ‘ಸೌಂಡ್’ (ಇಲ್ಲಿ ಸದ್ದಲ್ಲ, ಕಡಲಿನ ಚಾಚು) ಎಂಬುದೂ ಅಂಥದ್ದಕ್ಕೇ ಹೊಂದುವ ಮಾತು.

ನ್ಯೂಜಿಲೆಂಡಿನ ಮೂಲನಿವಾಸಿಗಳಾದ ಮಾವೋರಿ ಜನರು ಇಟ್ಟ ‘ಪಿಯೊಪಿಯೊತಾಹಿ’ ಎಂಬ ಹೆಸರಿಗೆ ‘ಒಂದೇ ಒಂದು ಪಿಯೊಪಿಯೊ’ ಎಂದರ್ಥ. ಮನುಷ್ಯರಿಗೆ ಸಾವಿಲ್ಲದಂತೆ ಮಾಡಲು ಹೋಗಿ ಅವರ ಪುರಾಣವೀರ ಮಾಉಯಿ ಮಡಿದಾಗ, ಈಗ ಅಳಿದುಹೋಗಿರುವ ಆ ಜಾತಿಯ ಹಕ್ಕಿಯೊಂದು ದುಃಖದಿಂದ ಇಲ್ಲಿಗೆ ಹಾರಿಬಂದಿತೆಂಬುದು ಐತಿಹ್ಯ. ಈ ಕಣಿವೆಗಳನ್ನೆಲ್ಲ ತೂ ತೆ ರಕಿಫಾನೋವ ಎಂಬ ದೈವ ದಕ್ಷಿಣದಿಂದ ಕಡಿಯುತ್ತ ಬಂದು, ಕೈ ಪಳಗಿದ ಮೇಲೆ ಕಡೆಯದಾಗಿ ಇದನ್ನು ಕೆತ್ತಿದನಂತೆ. ಅವನ ‘ತೊಕಿ’ಯನ್ನು ನಾನು ಕೊಡಲಿ ಎನ್ನದೆ ‘ಬಾಚಿ’ ಎಂದಿದ್ದೇನೆ, ಏಕೆಂದರೆ ಅದರ ಅಲಗು ಹಿಡಿಗೆ ಅಡ್ಡಲಾಗಿ ಕೂರುತ್ತದೆ. ನಮ್ಮ ಬಡಗಿಗಳು ಮರ ಕೆತ್ತುವುದೂ ಅದರಿಂದಲೇ.

ಮಾವೋರಿ ಬುಡಕಟ್ಟೊಂದರ ಹಕ್ಕೊತ್ತಾಯಗಳನ್ನು ಇತ್ಯರ್ಥಗೊಳಿಸಿದ 1998ರ ಪರಿಹಾರ ಕಾಯ್ದೆಯಿಂದ ಈ ಜಾಗಕ್ಕೆ ಎರಡೂ ಹೆಸರುಗಳು ಅಧಿಕೃತವಾದವು. ಆ ಬುಡಕಟ್ಟಿನ ಹೆಸರನ್ನು ‘ಙಾಯಿ ತಾಹು’ ಎಂದು ಬರೆದರೆ, ವರ್ಣಮಾಲೆಯಲ್ಲಿ ಕೆಲಸವಿಲ್ಲದೆ ಕುಳಿತಿರುವ ಙಕಾರಕ್ಕೆ ಪದದ ಮೊದಲಲ್ಲೇ ಜಾಗ ಸಿಗುತ್ತದೆ. ಅವರದೇ ದಕ್ಷಿಣದ ಉಚ್ಚಾರಣೆಯಂತೆ ‘ಕಾಯಿ ತಾಹು’ ಎಂದರೆ ನಮ್ಮವರಿಗೆ ತೆಂಗಿನಕಾಯಿ ನೆನಪಾದೀತು!

‘ಹಿಮಗೊಲ್ಲಿ’ ಎಂದು ಹೊಸದಾಗಿ ಕಟ್ಟಿದರೆ ಹಿಮ ತೇಲುವ ಕೊಲ್ಲಿ ಎಂದು ಓದುಗರು ತಿಳಿದಾರು. ಆದ್ದರಿಂದ ‘ಫಿಯೋರ್ಡ್’ ಅನ್ನೇ ಉಳಿಸಿಕೊಂಡು, ಮೊದಲ ಸಲ ಬಂದಾಗ ‘ಹಿಮನದಿ ಕೊರೆದ ಕಡಲಕಣಿವೆ’ ಎಂದು ಬಿಡಿಸಿ ಹೇಳುವುದು ನನ್ನ ಒಲವು. ಇಕ್ಕಟ್ಟಾದ, ಉದ್ದನೆಯ ಕಡಲಚಾಚಿಗೆ ಕಾರವಾರ, ಕುಂದಾಪುರದ ಕಡೆಯ ಮೀನುಗಾರರ ಮಾತಿನಲ್ಲಿ ಬೇರೆ ಪದ ಬಳಕೆಯಲ್ಲಿದ್ದರೆ, ಅದನ್ನು ಬಳಸುವ ಒಂದು ವಾಕ್ಯದೊಡನೆ ದಯವಿಟ್ಟು ತಿಳಿಸಿ.