ಸದ್ದಿನಿಂದ ಹರಳು ಬೆಳೆಸುವ ಕಸುಬಿಗೆ ಏನನ್ನೋಣ?

ಮಕ್ಕಳಿಗಾಗಿ ಒಂದು ಕಲ್ಪನೆಯ ಕಾದಂಬರಿ ಬರೆಯುತ್ತಿದ್ದೇನೆ. ಅದಕ್ಕೆ ಕೆಲವು ಪದಗಳು ಬೇಕಾಗಿವೆ.

ಕಥೆಯಲ್ಲೊಂದು ಬಂದರು ಊರು. ಅಲ್ಲಿನವರ ಕಸುಬು ಸದ್ದಿನಿಂದ ಹರಳು ಬೆಳೆಸುವುದು. ಕಲ್ಲುಮರಿಗೆಯಲ್ಲಿ ದ್ರಾವಣ ತುಂಬುತ್ತಾರೆ. ಒಳಗೆ ಕಂಚಿನ ತಟ್ಟೆ ಇಳಿಬಿಟ್ಟು, ಹೊರಗೆ ಚೆಂಡೆಯಂಥ ವಾದ್ಯ ಬಾರಿಸುತ್ತಾರೆ. ಒಂದು ಶ್ರುತಿಗೆ ಕಡ್ಡಿಯ ಹಾಗೆ ಉದ್ದನೆಯ ಹರಳು, ಇನ್ನೊಂದಕ್ಕೆ ಚಪ್ಪಟೆ ಬಿಲ್ಲೆ. ಶ್ರುತಿ ತಪ್ಪಿದರೆ ಬರೀ ಹುಡಿ. ಯಾವ ಶ್ರುತಿಯಲ್ಲಿ ಬೆಳೆಯಿತೋ ಅದೇ ಶ್ರುತಿ ಮತ್ತೆ ಕೇಳಿಸಿದರೆ ಹರಳು ಬೆಳಕು ಕೊಡುತ್ತದೆ. ಊರಿನ ದೀಪಗಳೆಲ್ಲ ಇವೇ.

ಇದರಲ್ಲಿ ಸ್ವಲ್ಪ ನಿಜವೂ ಇದೆ. ನಮ್ಮ ಕಿವಿಗೆ ಕೇಳಿಸದ, 20,000 ಹರ್ಟ್ಜ್‌ಗಿಂತ ಮೇಲಿನ ಸದ್ದನ್ನು ದ್ರವದೊಳಗೆ ಬಿಟ್ಟರೆ ಸಣ್ಣ ಗುಳ್ಳೆಗಳು ಎದ್ದು ಒಡೆಯುತ್ತವೆ. ಆಗ ಅದರಲ್ಲಿ ಕರಗಿದ್ದು ಬೇಗ ಹರಳಾಗತೊಡಗುತ್ತದೆ. ಒಮ್ಮೆಲೇ ಹಲವು ಕಡೆ ಶುರುವಾಗುವುದರಿಂದ ಹರಳುಗಳು ಸಾಮಾನ್ಯವಾಗಿ ಸಣ್ಣದಾಗಿ, ಹೆಚ್ಚುಕಡಿಮೆ ಒಂದೇ ಗಾತ್ರದಲ್ಲಿ ಸಿಗುತ್ತವೆ. ಔಷಧಿ ತಯಾರಿಕೆಯಲ್ಲಿ ಇದರ ಬಳಕೆ ಇದೆ. ಶ್ರುತಿಗೊಂದು ಆಕಾರ, ಬೆಳಕು ಇವೆಲ್ಲ ಮಾತ್ರ ನನ್ನ ಕಟ್ಟುಕಥೆ.

‘ಧ್ವನಿಸ್ಫಟಿಕೀಕರಣ’ ಎಂದು ಬರೆದು ನೋಡಿದೆ. ವ್ಯಾಕರಣಕ್ಕೆ ಏನೂ ತೊಂದರೆ ಇಲ್ಲ. ಆದರೆ ‘ನಾಳೆ ಬೆಳಿಗ್ಗೆ ಧ್ವನಿಸ್ಫಟಿಕೀಕರಣಕ್ಕೆ ಬಾ ಮಾರಾಯ’ ಎಂದು ಯಾರಾದರೂ ಕರೆಯುತ್ತಾರಾ? ಕಸುಬಿನವರ ಬಾಯಲ್ಲಿ ಮೊದಲು ಹುಟ್ಟುವುದು ಕ್ರಿಯಾಪದ. ಅದು ಸಿಕ್ಕರೆ ಕಸುಬಿನ ಹೆಸರೂ ಕಸುಬಿನವರ ಹೆಸರೂ ಅದರ ಹಿಂದೆಯೇ ಬರುತ್ತವೆ. ಹಾಗಾಗಿ ನಾನು ಹುಡುಕುತ್ತಿರುವುದು ಮುಖ್ಯವಾಗಿ ಕ್ರಿಯಾಪದವನ್ನು.

ವಸ್ತುವಿಗೆ ‘ಹರಳು’ ಸಾಕು ಅನ್ನಿಸುತ್ತದೆ. ಹಳಗನ್ನಡದ ‘ಪರಲ್’, ಸಣ್ಣ ಕಲ್ಲು. ಉಪ್ಪಿನ ಹರಳು, ಉಂಗುರದ ಹರಳು ಎಲ್ಲರಿಗೂ ಗೊತ್ತು. ಹರಳೆಣ್ಣೆಯ ಹರಳು ಬೇರೆ ಎಂದು ಸಂದರ್ಭವೇ ಹೇಳುತ್ತದೆ. ‘ಸ್ಫಟಿಕ’ ಎಂದರೆ ಜಪಮಾಲೆ ಕಣ್ಣಿಗೆ ಬರುತ್ತದೆ. ಅದರ ತದ್ಭವ ‘ಪಟಿಕ’ವಂತೂ ಕ್ಷೌರದ ನಂತರ ಕೆನ್ನೆಗೆ ಉಜ್ಜುವ ವಸ್ತುವಾಗಿ ಕೂತುಬಿಟ್ಟಿದೆ.

‘ಹರಳುಗಟ್ಟು’ ಇದೆಯಲ್ಲ ಎನ್ನಬಹುದು. ಒಳ್ಳೆಯ ಪದವೇ. ಆದರೆ ಅದು ತಾನಾಗಿ ಆಗುವುದಕ್ಕೆ ಹೇಳುವ ಮಾತು. ಹೆಪ್ಪುಗಟ್ಟು, ಮಡುಗಟ್ಟು ಎಲ್ಲ ಹಾಗೆಯೇ. ಬೇರೆಯವರು ಮಾಡಿಸಿದರೆ ‘ಹರಳುಗಟ್ಟಿಸು’ ಆಗಬೇಕು. ಅದರಲ್ಲಿ ಸದ್ದಿನ ಸುಳಿವೇ ಇಲ್ಲ.

ಆಮೇಲೆ ‘ಹೆರೆ’ ನೆನಪಾಯಿತು. ಕರಗಿದ ತುಪ್ಪ ಗಟ್ಟಿಯಾಗುವುದಕ್ಕೆ ‘ಹೆರೆಯುವುದು’ ಎನ್ನುತ್ತಾರೆ. ಹೆರೆತುಪ್ಪ ಎಂಬ ಪದವೂ ಇದೆ. ಎಷ್ಟು ಚಿಕ್ಕದು, ಎಷ್ಟು ಹಳೆಯದು! ‘ಮರಿಗೆ ಹೆರೆಯಿತು’ ಎಂದರೆ ಸಾಕಿತ್ತು. ಆದರೆ ನಮ್ಮ ಉಡುಪಿ ಕಡೆ ಹೆರೆಯುವುದು ತೆಂಗಿನಕಾಯಿಯನ್ನು. ಹೆರೆಮಣೆ ಮೇಲೆ ಕೂತು ಕಾಯಿ ಹೆರೆಯುವವರ ಮಕ್ಕಳಿಗೆ ‘ಹರಳು ಹೆರೆದರು’ ಎಂದರೆ ಹರಳನ್ನು ತುರಿದರು ಎಂದೇ ಅರ್ಥ. ಜೊತೆಗೆ ಹೆರಿಗೆಯೂ ಇಣುಕುತ್ತದೆ. ಬಿಡಲೂ ಮನಸ್ಸಿಲ್ಲ, ಬಳಸಲೂ ಧೈರ್ಯವಿಲ್ಲ.

ಸದ್ಯಕ್ಕೆ ಇಟ್ಟುಕೊಂಡಿರುವುದು ‘ಹರಳೆಬ್ಬಿಸು’. ಕನ್ನಡದಲ್ಲಿ ಸದ್ದನ್ನೂ ಎಬ್ಬಿಸುತ್ತೇವೆ, ಅಲೆಯನ್ನೂ ಎಬ್ಬಿಸುತ್ತೇವೆ, ಮಲಗಿದವರನ್ನೂ ಎಬ್ಬಿಸುತ್ತೇವೆ. ದ್ರಾವಣದಲ್ಲಿ ಮಲಗಿರುವ ಹರಳನ್ನು ಎಬ್ಬಿಸುವುದು ಎಂಬ ನಂಬಿಕೆ ಆ ಊರಿನವರಿಗೆ ಒಪ್ಪುತ್ತದೆ. ಕಸುಬು ‘ಹರಳೆಬ್ಬಿಕೆ’. ಇದು ಕಿವಿಗೆ ಸ್ವಲ್ಪ ಒರಟಾಗಿ ಕೇಳುತ್ತದೆ, ಒಪ್ಪುತ್ತೇನೆ. ‘ನಾದಹರಳು’ ಎಂದು ಒಬ್ಬರು ಸೂಚಿಸಿದ್ದರು. ಅದು ಸಂಗೀತ ಶಾಲೆಯ ಹೆಸರಿನ ಹಾಗಿದೆ.

ಇನ್ನು ಮರಿಗೆಗೆ ಮೊದಲು ಹಾಕುವ ಚಿಕ್ಕ ಹರಳು. ಅದರ ಮೇಲೆಯೇ ಉಳಿದದ್ದು ಬೆಳೆಯುತ್ತದೆ. ವಿಜ್ಞಾನದವರು ಅದನ್ನು ಬೀಜ ಎನ್ನುತ್ತಾರೆ. ಆದರೆ ಮಂಗಳೂರಿನಲ್ಲಿ ‘ಬೀಜದ ಕಾರ್ಖಾನೆ’ ಎಂದರೆ ಗೇರುಬೀಜದ್ದೇ! ಅದಕ್ಕೇ ‘ಹೆಪ್ಪು’ ಎಂದಿದ್ದೇನೆ. ಹಾಲಿಗೆ ಹಾಕುವ ಹೆಪ್ಪನ್ನೇ ಇಲ್ಲಿಗೂ ತಂದೆ. ಮರಿಗೆಯ ದ್ರಾವಣಕ್ಕೆ ‘ಪಾಕ’. ಸಾಮಾನ್ಯವಾಗಿ ಕರಗುವುದಕ್ಕಿಂತ ಹೆಚ್ಚು ಕರಗಿಸಿಕೊಂಡಿರುವ ಇದನ್ನು ‘ಅತಿಸಂತೃಪ್ತ ದ್ರಾವಣ’ ಎಂದು ಮಕ್ಕಳ ಕಾದಂಬರಿಯಲ್ಲಿ ಬರೆದರೆ ಓದುವವರು ಅಲ್ಲೇ ಪುಸ್ತಕ ಮುಚ್ಚುತ್ತಾರೆ. ‘ಪಾಕ ಹದಕ್ಕೆ ಬಂತು, ಹೆಪ್ಪು ಹಾಕು, ಎಬ್ಬಿಸು’ ಎಂದು ಹಿರಿಯ ಕೆಲಸಗಾರ ಕೂಗುವ ಮಾತು ನನಗೆ ಸಹಜವಾಗಿಯೇ ಕೇಳುತ್ತದೆ. ನಿಮಗೆ?

ನಿಜವಾಗಿ ಕೈಕಟ್ಟಿರುವುದು ಇನ್ನೊಂದು ಕಡೆ. ಜರ್ಮನಿಯ ವಿಜ್ಞಾನಿ ಅರ್ನ್ಸ್ಟ್ ಕ್ಲಾಡ್ನಿ ಲೋಹದ ತಟ್ಟೆಯ ಮೇಲೆ ಮರಳು ಉದುರಿಸಿ, ಅಂಚಿಗೆ ಪಿಟೀಲಿನ ಕಮಾನು ಎಳೆದು ನೋಡಿದ್ದನ್ನು 1787ರಲ್ಲಿ ಪ್ರಕಟಿಸಿದ. ತಟ್ಟೆ ನಡುಗುವ ಕಡೆಯಿಂದ ಮರಳು ಸರಿದು, ನಡುಗದ ಗೆರೆಗಳಲ್ಲಿ ಬಂದು ಕೂರುತ್ತದೆ. ಸ್ವರ ಬದಲಾದರೆ ಚಿತ್ರವೂ ಬದಲಾಗುತ್ತದೆ. ನನ್ನ ಕಥೆಯ ಕಂಚಿನ ತಟ್ಟೆಯಲ್ಲೂ ಹರಳು ಬೆಳೆಯುವುದು ಆ ಗೆರೆಗಳ ಮೇಲೆಯೇ. ಪುಟಪುಟಕ್ಕೂ ಬರುವ ಮಾತು ಇದು. ‘ನಡುಗದ ಗೆರೆ’ ಎಂದು ಪ್ರತಿಸಲ ಬರೆಯುವುದು ಉದ್ದವಾಯಿತು. ‘ನಿಲುಗೆರೆ’ ಎಂದರೆ ನಿಲುಗನ್ನಡಿ ನೆನಪಾಗಿ ನೆಟ್ಟಗೆ ನಿಂತ ಗೆರೆ ಅನ್ನಿಸುತ್ತದೆ. ಮನೆಯಲ್ಲಿ ಕೇಳಿದ್ದಕ್ಕೆ ‘ತೆಪ್ಪಗೆರೆ’ ಎಂದು ಉತ್ತರ ಬಂತು. ತಮಾಷೆಗೆ ಹೇಳಿದ್ದು, ಆದರೂ ಪೂರ್ತಿ ತಳ್ಳಿಹಾಕಿಲ್ಲ.

ಈ ಗೆರೆಗೆ ಒಂದು ಚಿಕ್ಕ ಪದ ಹೊಳೆದರೆ ತಿಳಿಸಿ. ಚೆಂಡೆ, ಮದ್ದಳೆ ಬಾರಿಸುವವರು ಯಾರಾದರೂ ಇದ್ದರೆ, ಚರ್ಮದ ಮೇಲೆ ಪೆಟ್ಟು ಬಿದ್ದರೂ ದನಿ ಸತ್ತಂತಿರುವ ಜಾಗಕ್ಕೆ ನಿಮ್ಮಲ್ಲಿ ಹೆಸರಿದೆಯೇ? ಕುಂದಾಪುರ, ಬೈಂದೂರು ಕಡೆಯವರಿಗೆ ಇನ್ನೊಂದು ಪ್ರಶ್ನೆ: ತುಪ್ಪ ಗಟ್ಟಿಯಾದದ್ದಕ್ಕೆ ಮನೆಯಲ್ಲಿ ‘ಹೆರೆಯಿತು’ ಎನ್ನುವುದನ್ನು ಕೇಳಿದ್ದೀರಾ? ಹೌದಾದರೆ ಆ ಪದವನ್ನು ಇನ್ನೊಮ್ಮೆ ಹತ್ತಿರ ಕರೆಯುತ್ತೇನೆ.