ನಗರದ ಪನೋರಮಾಗೆ 200 ಎಂಎಂ ಲೆನ್ಸ್ ಬೇಕೇ ಬೇಕಾ?

ಕಿಟಕಿಗಣ್ಣು: ಎತ್ತರದ ತಾರಸಿಯಿಂದ ನಗರದ 180 ಡಿಗ್ರಿ ನೋಟ ತೆಗೆದು 3 ಮೀಟರ್ ಅಗಲದ ಪ್ರಿಂಟ್ ಹಾಕಿಸಬೇಕು. ಕ್ಯಾಮೆರಾ ಫುಲ್‌ಫ್ರೇಮ್ (36×24 ಎಂಎಂ ಸೆನ್ಸರ್), 24 ಮೆಗಾಪಿಕ್ಸೆಲ್. 200 ಎಂಎಂ ಲೆನ್ಸಲ್ಲಿ ತೆಗೆದು ಜೋಡಿಸಿದರೆ ಒಂದೊಂದು ಕಿಟಕಿಯೂ ಕಾಣುತ್ತಲ್ವಾ? ಟ್ರೈಪಾಡ್ ಮೇಲೆ ಕೂರಿಸಿ ಕ್ಯಾಮೆರಾ ಸರಿಯಾದ ಬಿಂದುವಿನ ಸುತ್ತ ತಿರುಗಿಸೋ ಪನೋರಮಾ ಹೆಡ್ ಕೊಳ್ಳಲೇಬೇಕಾ?

ಮೂರುಕಾಲು: ಕಾಣುತ್ತೆ, ಧೈರ್ಯವಾಗಿ ಮಾಡಿ. ಕ್ಯಾಮೆರಾ ಉದ್ದುದ್ದ ನಿಲ್ಲಿಸಿದರೆ 200 ಎಂಎಂನಲ್ಲಿ ಫ್ರೇಮಿನ ಅಗಲ ಹೆಚ್ಚುಕಡಿಮೆ 7 ಡಿಗ್ರಿ. ಪಕ್ಕಪಕ್ಕದ ಫ್ರೇಮುಗಳು ಒಂದರ ಮೇಲೊಂದು 30% ಬರೋ ಹಾಗೆ (ಓವರ್‌ಲ್ಯಾಪ್) ಇಟ್ಟರೆ 38ರ ಆಸುಪಾಸು ಫ್ರೇಮ್. ಜೋಡಿಸಿದ ಚಿತ್ರದ ಅಗಲ 1 ಲಕ್ಷ ಪಿಕ್ಸೆಲ್ ದಾಟುತ್ತೆ!

ಇಬ್ಬನಿ: ದಾಟಿ ಏನು ಮಾಡ್ತೀರಿ ಸ್ವಾಮಿ? ಜೆಪೆಗ್ ಫೈಲಿಗೆ ಒಂದು ಬದಿಗೆ 65,535 ಪಿಕ್ಸೆಲ್ಲೇ ಮಿತಿ. 3 ಮೀಟರಿಗೆ 300 ಡಿಪಿಐ (ಇಂಚಿಗೆ 300 ಚುಕ್ಕೆ) ಲೆಕ್ಕ ಹಾಕಿದರೂ ಬೇಕಾಗೋದು ಸುಮಾರು 35,400. 100 ಎಂಎಂ ಲೆನ್ಸೇ 52,000 ಕೊಡುತ್ತೆ, ಅರ್ಧದಷ್ಟು ಫ್ರೇಮಲ್ಲಿ. ಇನ್ನೊಂದು, 200 ಎಂಎಂನಲ್ಲಿ ಎತ್ತರಕ್ಕೆ ಸಿಗೋದು ಬರೀ 10 ಡಿಗ್ರಿ. ಹತ್ತಿರದಲ್ಲೊಂದು ಗೋಪುರ ಇದ್ದರೆ ತಲೆ ಕತ್ತರಿಸಿಹೋಗುತ್ತೆ, ಎರಡು ಸಾಲು ತೆಗೀಬೇಕು. ಮಧ್ಯಾಹ್ನವಾದರೆ ಬಿಸಿಗಾಳಿಯ ಅಲುಗಾಟ ಬೇರೆ. ಉದ್ದ ಲೆನ್ಸ್ ಅದನ್ನೇ ದೊಡ್ಡದು ಮಾಡಿ ತೋರಿಸುತ್ತೆ.

ಮೂರುಕಾಲು: ಮಳೆ ನಿಂತ ಮಾರನೇ ಬೆಳಿಗ್ಗೆ ತೆಗೀರಿ, ಗಾಳಿ ತಿಳಿಯಾಗಿರುತ್ತೆ. ಕ್ರಾಪ್ ಮಾಡೋಕೆ ಪಿಕ್ಸೆಲ್ ಹೆಚ್ಚಿದ್ದಷ್ಟೂ ಒಳ್ಳೇದೇ.

ಇಬ್ಬನಿ: ಬೆಳಿಗ್ಗೆಗೆ ಒಪ್ಪಿದೆ. ಸಂಜೆ ದೀಪ ಹತ್ತೋ ಹೊತ್ತಾದರೆ? ಫ್ರೇಮಿಗೆ 8 ಸೆಕೆಂಡ್ ಎಕ್ಸ್‌ಪೋಷರ್, ಟ್ರೈಪಾಡ್ ಸ್ಥಿರವಾಗೋಕೆ ಇನ್ನಷ್ಟು. 38 ಮುಗಿಯೋದರಲ್ಲಿ ಎಡತುದಿ ಸಂಜೆ, ಬಲತುದಿ ರಾತ್ರಿ.

ಗೆರೆಗಾರ: ಹೆಡ್ ವಿಷಯಕ್ಕೆ ಯಾರೂ ಬರಲೇ ಇಲ್ಲ. ತಾರಸಿಯ ಕಂಬಿ ಫ್ರೇಮಿನೊಳಗೆ ಬಂದರೆ ಬೇಕು. ಲೆನ್ಸಿನ ಎಂಟ್ರೆನ್ಸ್ ಪ್ಯೂಪಿಲ್ (ಎದುರಿನಿಂದ ನೋಡಿದಾಗ ಲೆನ್ಸೊಳಗೆ ಕಾಣೋ ಬೆಳಕಿನ ಕಿಂಡಿ) ಸುತ್ತ ಕ್ಯಾಮೆರಾ ತಿರುಗದಿದ್ದರೆ ಕಂಬಿ ಒಂದೊಂದು ಫ್ರೇಮಲ್ಲಿ ಒಂದೊಂದು ಕಟ್ಟಡದ ಮುಂದೆ ನಿಲ್ಲುತ್ತೆ, ಜೋಡಣೆ ಕೂರಲ್ಲ. ಎಲ್ಲವೂ ದೂರದಲ್ಲೇ ಇದ್ದರೆ ಮಾಮೂಲಿ ಟ್ರೈಪಾಡ್ ಸಾಕು, ಮಟ್ಟ ಸರಿಯಿರಲಿ. ಫೋಕಸ್, ಎಕ್ಸ್‌ಪೋಷರ್, ವೈಟ್ ಬ್ಯಾಲೆನ್ಸ್ (ಬಣ್ಣದ ಹದ) ಮೊದಲೇ ಹೊಂದಿಸಿ, ಆಮೇಲೆ ಮುಟ್ಟಬೇಡಿ. ಪೋಲರೈಸರ್ ಫಿಲ್ಟರ್ ಬೇಡವೇ ಬೇಡ, ಆಕಾಶದಲ್ಲಿ ಕಪ್ಪು ಪಟ್ಟೆ ಏಳುತ್ತೆ. ಜೋಡಿಸೋಕೆ ಹ್ಯೂಜಿನ್ ಅನ್ನೋ ಸಾಫ್ಟ್‌ವೇರ್ ಇದೆ, ಉಚಿತ. ಅದರಲ್ಲಿ ಪ್ರೊಜೆಕ್ಷನ್ (ಸುತ್ತಲ ನೋಟವನ್ನು ಚಪ್ಪಟೆ ಚಿತ್ರವಾಗಿ ಬಿಡಿಸೋ ರೀತಿ) ಸಿಲಿಂಡ್ರಿಕಲ್ ಇಡಿ.

ಕಿಟಕಿಗಣ್ಣು: ಕಂಬಿ ಕೆಳಗೇ ಉಳಿಯುತ್ತೆ. ಹೆಡ್ ಇಲ್ಲದೆ 100 ಎಂಎಂನಲ್ಲೇ ತೆಗೀತೀನಿ. ಎದುರಿಗೊಂದು ಕ್ರೇನ್ ತಿರುಗ್ತಾನೇ ಇರುತ್ತೆ, ಎರಡೆರಡು ಸಲ ಬಂದರೆ?

ಗೆರೆಗಾರ: ಅದು ಓವರ್‌ಲ್ಯಾಪಿನೊಳಗೆ ಬಿದ್ದರೆ ಹ್ಯೂಜಿನ್‌ನಲ್ಲೇ ಮಾಸ್ಕ್ ಹಾಕಿ (ಬೇಡದ ಭಾಗ ಮುಚ್ಚಿ) ಒಂದನ್ನು ತೆಗೀಬಹುದು. ಆ ಜಾಗದಲ್ಲಿ ಮಾತ್ರ ಎರಡು-ಮೂರು ಫ್ರೇಮ್ ಜಾಸ್ತಿ ತೆಗೆದಿಟ್ಕೊಳ್ಳಿ.

ಮೂರುಕಾಲು: ನಾನಂತೂ 200 ಬಿಡಲ್ಲ.