ಮಗಳು ಕಾಣೆ, ಅಪ್ಪನ ಕೈಲಿ ಎಲೆ

ಭಟ್ಟ: ಈ ‘ವಿಚರ್ 3’ ವಿಡಿಯೊ ಗೇಮ್ ನಾಯಕ, ರಾಕ್ಷಸರನ್ನ ಬೇಟೆಯಾಡೋ ಗೆರಾಲ್ಟ್‌ಗೆ ಸ್ವಲ್ಪನಾದ್ರೂ ಮಾನ ಮರ್ಯಾದೆ ಇದ್ಯೇನ್ರೋ? ಸಾಕುಮಗಳು ಸಿರಿ ಕಾಣೆಯಾಗಿದ್ದಾಳೆ, ವೈಲ್ಡ್ ಹಂಟ್ ಅನ್ನೋ ಭೂತಸವಾರರ ಪಟಾಲಂ ಅವಳ ಬೆನ್ನು ಹತ್ತಿದೆ. ಈ ಪುಣ್ಯಾತ್ಮ ದಾರೀಲಿ ಸಿಕ್ಕ ಕಮ್ಮಾರನ ಮುಂದೆ ಕೂತು ಇಸ್ಪೀಟು ಆಡ್ತಾನೆ.

ರಾಘು: ಇಸ್ಪೀಟಲ್ಲ ಕಣೋ, ಗ್ವೆಂಟ್, ಆ ಲೋಕದ ಕಾರ್ಡ್ ಆಟ. ಕಮ್ಮಾರನನ್ನ ಮೊದಲ ಸಲ ಗೆದ್ರೆ ಒಂದು ಎಲೆ, ಅಂದ್ರೆ ಕಾರ್ಡ್, ಸಿಗುತ್ತೆ. ಬಿಟ್ಟು ಹೋಗೋಕೆ ಅವನಿಗೇನು ಹುಚ್ಚಾ?

ಚೇತು: ಲೋ, ಜಗಳ ಆಮೇಲೆ ಆಡಿ. ‘ವಿಚರ್ 3’ ಶುರು ಮಾಡಿದ್ದೀನಿ, ಮ್ಯಾಪ್ ತೆಗೆದ್ರೆ ಎಲ್ಲಿ ನೋಡಿದ್ರೂ ಪ್ರಶ್ನಾರ್ಥಕ ಚಿಹ್ನೆ. ಯಾವುದಕ್ಕೆ ಹೋಗ್ಬೇಕು, ಯಾವುದನ್ನ ಬಿಡ್ಬೇಕು, ಅಷ್ಟು ಹೇಳಿ.

ಪಮ್ಮಿ: ಹಾಗಾದ್ರೆ ಮ್ಯಾಪ್‌ನಲ್ಲಿ ಫಿಲ್ಟರ್ ಒತ್ತಿ ಎಲ್ಲಾ ತೋರ್ಸು ಅಂತ ಇಟ್ಟಿದ್ದೀಯ. 2022ರ ಡಿಸೆಂಬರ್‌ನಲ್ಲಿ 4.0 ಅಪ್‌ಡೇಟ್ ಬಂತಲ್ಲ, ಅದ್ರಲ್ಲಿ ಆ ಚಿಹ್ನೆಗಳನ್ನೂ ದೋಣಿ ಗುರುತುಗಳನ್ನೂ ಅವರೇ ಮುಚ್ಚಿಟ್ಟಿದ್ದಾರೆ. ಆಟ ಮಾಡಿದವರಿಗೇ ಪಾಪಪ್ರಜ್ಞೆ ಕಾಡಿರಬೇಕು.

ಭಟ್ಟ: 2015ರಲ್ಲಿ ಬಂದ ಆಟಕ್ಕೆ 2022ರಲ್ಲಿ ಪಾಪಪ್ರಜ್ಞೆ. ನಮ್ಮ ಕಡೆ ರಸ್ತೆ ಗುಂಡಿಗೆ ಬರೋ ಪಾಪಪ್ರಜ್ಞೆಗಿಂತ ಬೇಗಾನೇ ಬಂದಿದೆ ಬಿಡು.

ಪಮ್ಮಿ: ಮೊದಲು ವೈಟ್ ಆರ್ಚರ್ಡ್. ಅದು ಆಟದ ಮೊದಲನೇ ಊರು, ಚಿಕ್ಕದು. ಅಲ್ಲಿ ಮಾತ್ರ ಒಂದನ್ನೂ ಬಿಡಬೇಡ. ಪ್ಲೇಸ್ ಆಫ್ ಪವರ್ ಅಂತ ಕೆತ್ತನೆ ಇರೋ ಕಲ್ಲುಗಳಿವೆ, ಆ ಊರಲ್ಲೇ ಆರು. ಒಂದೊಂದನ್ನ ಮೊದಲ ಸಲ ಮುಟ್ಟಿದಾಗ ಒಂದು ಎಬಿಲಿಟಿ ಪಾಯಿಂಟ್, ಅದ್ರಿಂದ ಹೊಸ ಶಕ್ತಿ ಕಲೀಬಹುದು. ಅಂದ್ರೆ ಆರು ಲೆವೆಲ್ ಏರಿದಾಗ ಸಿಗೋ ಪಾಯಿಂಟು ಬರೀ ಕುದುರೆ ಓಡಿಸಿದ್ದಕ್ಕೆ ಸಿಕ್ಕಿತು.

ಚೇತು: ಕಲ್ಲಿನ ಹತ್ರ ದೆವ್ವ ಭೂತ ಏನೂ ಇರಲ್ವಾ?

ಪಮ್ಮಿ: ಕೆಲವು ಕಡೆ ಕಾವಲು ಇರುತ್ತೆ. ಹೋಗೋ ಮುಂಚೆ ಕ್ವೆನ್ ಹಾಕ್ಕೋ, ಅದು ಕವಚದ ಮಂತ್ರ, ಒಂದು ಏಟು ತಡ್ಕೊಳ್ಳುತ್ತೆ. ಶತ್ರು ತಲೆ ಮೇಲೆ ಅಂಕಿಯ ಬದ್ಲು ಕೆಂಪು ತಲೆಬುರುಡೆ ಕಂಡ್ರೆ ಪೌರುಷ ತೋರಿಸ್ಬೇಡ, ಕುದುರೆ ತಿರುಗ್ಸು. ನಿನಗಿಂತ ತುಂಬಾ ಮೇಲಿನ ಲೆವೆಲ್‌ದು ಅಂತ ಅರ್ಥ. ನಾಲ್ಕು ಲೆವೆಲ್ ಏರಿ ಬಾ, ಕಲ್ಲು ಎಲ್ಲಿಗೂ ಹೋಗಲ್ಲ.

ರಾಘು: ಕಲ್ಲು ಹೋಗಲ್ಲ, ಮನುಷ್ಯರು ಹೋಗ್ತಾರೆ! ಈ ಆಟದ ಕಷ್ಟ ಇರೋದೇ ಅಲ್ಲಿ. ಗುಹೆಯಲ್ಲಿರೋ ಪೆಟ್ಟಿಗೆ ನೀನು ಮುದುಕನಾದ್ಮೇಲೆ ಹೋದ್ರೂ ಅಲ್ಲೇ ಇರುತ್ತೆ. ಆದ್ರೆ ಎಲೆ ಇಟ್ಕೊಂಡಿರೋ ಮನುಷ್ಯ ಕಥೆ ಮುಂದೆ ಹೋದ ಹಾಗೆ ಊರು ಬಿಡ್ತಾನೆ, ಇಲ್ಲಾ ಲೋಕವನ್ನೇ ಬಿಡ್ತಾನೆ. ಅದಕ್ಕೇ ಹೇಳೋದು, ಹೆಸರಿರೋ ಯಾರೇ ಸಿಕ್ರೂ ಮೊದಲು ಗ್ವೆಂಟ್ ಆಡು, ಆಮೇಲೆ ಕಷ್ಟಸುಖ ವಿಚಾರ್ಸು.

ಭಟ್ಟ: ಸಂಸ್ಕಾರ ನೋಡು ಇವನದ್ದು.

ರಾಘು: ಕೇಳು ಚೇತು. ವೈಟ್ ಆರ್ಚರ್ಡ್ ಹೆಂಡದಂಗಡೀಲಿ ಒಬ್ಬ ವಿದ್ವಾಂಸ ಕೂತಿರ್ತಾನೆ. ಗ್ವೆಂಟ್ ಹೇಳಿಕೊಡೋನು ಅವನೇ. ಅವನನ್ನ ಸೋಲಿಸಿದ್ರೆ ಜೋಲ್ಟನ್ ಎಲೆ ಸಿಗುತ್ತೆ. ಅಲ್ಲಿಂದ ‘ಕಲೆಕ್ಟ್ ಎಮ್ ಆಲ್’ ಅನ್ನೋ ಕ್ವೆಸ್ಟ್ ಶುರು, ಕ್ವೆಸ್ಟ್ ಅಂದ್ರೆ ಆಟ ಕೊಡೋ ಕೆಲಸ. ಮೂಲ ಆಟದಲ್ಲಿ ಒಟ್ಟು 120 ಎಲೆ ಕೂಡಿಸ್ಬೇಕು. ಆ ವಿದ್ವಾಂಸನ ಹತ್ರ ‘ಮಿರಾಕ್ಯುಲಸ್ ಗೈಡ್ ಟು ಗ್ವೆಂಟ್’ ಅಂತ ಒಂದು ಪುಸ್ತಕವೂ ಸಿಗುತ್ತೆ, ಅದನ್ನ ಬಿಡಬೇಡ. ತೆಗೆದು ಓದಿದಾಗಲೆಲ್ಲ ಇನ್ನೂ ಎಷ್ಟು ಎಲೆ ಬಾಕಿ, ಯಾರ ಹತ್ರ ಇದೆ ಅಂತ ಅದೇ ಹೇಳುತ್ತೆ.

ಪಮ್ಮಿ: ಅಲ್ಲಿ ತಪ್ಪಿದ್ರೆ ನೋವಿಗ್ರಾಡ್‌ನಲ್ಲಿ, ಸೇಂಟ್ ಗ್ರೆಗರಿ ಸೇತುವೆ ಹತ್ರದ ವ್ಯಾಪಾರಿ ಮಾರ್ತಾನೆ. 1.21 ಅಪ್‌ಡೇಟ್ ಬರೋವರೆಗೆ ಈ ಪುಸ್ತಕ ಇರ್ಲಿಲ್ಲ. ಜನ ಕಾಗದದ ಮೇಲೆ ಪಟ್ಟಿ ಬರ್ಕೊಂಡು, 119ಕ್ಕೆ ನಿಂತು, ಯಾವ ಎಲೆ ತಪ್ಪಿದೆ ಅಂತ ಗೊತ್ತಾಗ್ದೆ ಗೋಡೆಗೆ ತಲೆ ಚಚ್ಕೋತಿದ್ರು.

ಚೇತು: ಎಲ್ಲಿ ಜಾಸ್ತಿ ತಪ್ಪೋದು?

ರಾಘು: ಮಾಟಗಾತಿ ಟ್ರಿಸ್ ಜೊತೆ ಮುಖವಾಡದ ಪಾರ್ಟಿಗೆ ಹೋಗೋ ಕ್ವೆಸ್ಟ್ ಬರುತ್ತೆ, ‘ಎ ಮ್ಯಾಟರ್ ಆಫ್ ಲೈಫ್ ಅಂಡ್ ಡೆತ್’. ವೆಗೆಲ್‌ಬಡ್ ಮನೆ ತೋಟದಲ್ಲಿ ಸಾಹುಕಾರ್ರು ಗ್ವೆಂಟ್ ಆಡ್ತಾ ಕೂತಿರ್ತಾರೆ. ಮಿಲ್ವಾ, ಡ್ಯಾಂಡೆಲಿಯನ್, ವ್ಯಾಂಪೈರ್ ಬ್ರುಕ್ಸಾ, ಮೂರೂ ಅಲ್ಲೇ. ಟ್ರಿಸ್ ಕೈ ಹಿಡಿದು ಎಳೀತಾಳೆ, ಕುಡಿದಿದ್ದಾಳೆ, ಬೆಳದಿಂಗಳು ಬೇರೆ. ಆಟಗಾರ ಕರಗಿ ಹೋಗಿ ಕಥೆ ಮುಂದಕ್ಕೆ ತಳ್ತಾನೆ. ಪಾರ್ಟಿ ಮುಗೀತು, ಸಾಹುಕಾರ್ರು ಮನೆಗೆ ಹೋದ್ರು.

ಭಟ್ಟ: ಅಂದ್ರೆ ಟ್ರಿಸ್‌ಗೆ "ಸ್ವಲ್ಪ ತಾಳಮ್ಮ, ಮೂರು ಆಟ ಮುಗಿಸಿ ಬರ್ತೀನಿ" ಅನ್ಬೇಕು.

ರಾಘು: ಹೂಂ ಮತ್ತೆ! ವೆಲೆನ್‌ನ ಬ್ಯಾರನ್‌ದೂ ಇದೇ ಕಥೆ. ಹೆಂಡ್ತಿ ಮಗಳನ್ನ ಕಳ್ಕೊಂಡು ಕಣ್ಣೀರು ಹಾಕ್ತಿದ್ದಾನೆ, ಅಷ್ಟರಲ್ಲೇ ಅವನ ಹತ್ರ ಡಿಜಿಕ್‌ಸ್ಟ್ರಾ ಎಲೆ ಗೆದ್ದು ಇಟ್ಕೋಬೇಕು. ಅವನ ಕ್ವೆಸ್ಟ್ ಮುಗಿದ್ಮೇಲೆ ಅವನು ಆ ಕೋಟೇಲಿ ಇರಲ್ಲ. ಆಗ ಅವನ ಕೋಣೆ ತಡಕಾಡ್ಬೇಕು.

ಚೇತು: ಇರಲ್ಲ ಅಂದ್ರೆ?

ಪಮ್ಮಿ: ಹೇಳ್ಬೇಡ ರಾಘು, ಅದು ಈ ಆಟದ ಒಳ್ಳೇ ಕಥೆಗಳಲ್ಲೊಂದು.

ರಾಘು: ಗೆರಾಲ್ಟ್ ಗೆಳೆಯ ಜೋಲ್ಟನ್‌ದು ‘ಎ ಡೇಂಜರಸ್ ಗೇಮ್’ ಅಂತ ಕ್ವೆಸ್ಟ್ ಇದೆ. ಕೊನೇಲಿ ದುಡ್ಡು ಬೇಕಾ ಎಲೆ ಬೇಕಾ ಅಂತ ಕೇಳ್ತಾನೆ. ಎಲೆ ಅನ್ನು. ದುಡ್ಡು ಈ ಆಟದಲ್ಲಿ ಹೆಣದ ಜೇಬಲ್ಲೂ ಸಿಗುತ್ತೆ.

ಚೇತು: ಅದೆಲ್ಲ ಸರಿ, ನಾನು ಗೆದ್ರೆ ತಾನೆ? ಆ ವಿದ್ವಾಂಸನೇ ಹಿಗ್ಗಾಮುಗ್ಗಾ ಹೊಡೀತಿದ್ದಾನೆ.

ರಾಘು: ಕೈಲಿ ಇರೋ ಎಲೆನೆಲ್ಲ ಮೊದಲ ಸುತ್ತಲ್ಲೇ ಸುರೀತೀಯ, ಅದಕ್ಕೆ. ಲೆಕ್ಕ ಕೇಳು. ಮೂರು ಸುತ್ತು, ಎರಡು ಗೆದ್ದೋನು ಗೆದ್ದ. ಕೈಗೆ ಬರೋದು ಹತ್ತೇ ಎಲೆ, ಶುರುವಲ್ಲಿ ಎರಡನ್ನ ಬದಲಾಯಿಸ್ಬಹುದು. ಆಮೇಲೆ ಸುತ್ತು ಮುಗಿದ್ರೂ ಹೊಸ ಎಲೆ ಬರಲ್ಲ, ನಾರ್ದರ್ನ್ ರೆಲ್ಮ್ಸ್ ಅನ್ನೋ ಪಡೆಯ ಕಟ್ಟಿದ್ರೆ ಮಾತ್ರ ಸುತ್ತು ಗೆದ್ದಾಗ ಒಂದು ಬರುತ್ತೆ. ಆ ಹತ್ತರಲ್ಲೇ ಮೂರು ಸುತ್ತಿನ ಸಂಸಾರ ತೂಗಿಸ್ಬೇಕು.

ಭಟ್ಟ: ಇಪ್ಪತ್ತನೇ ತಾರೀಖಿನ ಮೇಲೆ ಸಂಬಳದಾರನ ಜೇಬು ಇದ್ದ ಹಾಗೆ.

ರಾಘು: ಹಾಂ. ಅದಕ್ಕೇ ಗುಪ್ತಚರರ ಎಲೆ ಬೇಕು. ಸ್ಪೈ ಎಲೆ ಎದುರಾಳಿ ಕಡೆ ಬೀಳುತ್ತೆ, ಅವನಿಗೆ ಅಂಕ ಸೇರುತ್ತೆ, ಆದ್ರೆ ನಿನಗೆ ಎರಡು ಹೊಸ ಎಲೆ ಬರುತ್ತೆ. ನಾರ್ದರ್ನ್ ರೆಲ್ಮ್ಸ್ ಕಟ್ಟಿನಲ್ಲಿ ಮೂವರಿದ್ದಾರೆ. ಪ್ರಿನ್ಸ್ ಸ್ಟೆನಿಸ್ 5, ಡಿಜಿಕ್‌ಸ್ಟ್ರಾ 4, ಥೇಲರ್ 1. ಬ್ಯಾರನ್ ಎಲೆಗೆ ನಾನು ಯಾಕೆ ಬಾಯಿ ಬಡ್ಕೊಂಡೆ ಅಂತ ಈಗ ಗೊತ್ತಾಯ್ತಾ?

ಚೇತು: ಎದುರಾಳಿಗೆ ಅಂಕ ಕೊಟ್ಟು ನಾನು ಗೆಲ್ಲೋದು ಹೇಗೆ?

ರಾಘು: ಆ ಸುತ್ತು ಸೋಲು! ಸ್ಪೈಗಳನ್ನ ಮೊದಲ ಸುತ್ತಲ್ಲೇ ಹಾಕು, ಒಂದೆರಡು ಸಣ್ಣ ಎಲೆ ಹಾಕಿ ಆಸೆ ತೋರ್ಸು. ಕಂಪ್ಯೂಟರ್ ಉತ್ಸಾಹದಲ್ಲಿ ದೊಡ್ಡದೆಲ್ಲ ಸುರಿಯುತ್ತೆ. ನೀನು ಪಾಸ್ ಅನ್ನು. ಅದರ ಕೈಲಿ ಮೂರು, ನಿನ್ನ ಕೈಲಿ ಎಂಟು. ಮುಂದಿನ ಎರಡು ಸುತ್ತು ಕಾಲ ಮೇಲೆ ಕಾಲು ಹಾಕ್ಕೊಂಡು ಆಡ್ಬಹುದು. ಅದು ನಿನ್ನ ಕಡೆಗೆ ಸ್ಪೈ ಕಳಿಸಿದ್ರೆ ಡಿಕಾಯ್ ಎಲೆ ಇಟ್ಟು ಆ ಸ್ಪೈಯನ್ನ ಕೈಗೆ ತಗೋ, ತಿರುಗಿ ಅವನ ಕಡೆಗೇ ಹಾಕು. ಇನ್ನೆರಡು ಎಲೆ ಬಂತು.

ಪಮ್ಮಿ: ಕಟ್ಟು ದಪ್ಪ ಮಾಡ್ಬೇಡ ಅಂತಾನೂ ಹೇಳು. ಹೊಸಬರು ಸಿಕ್ಕಿದ್ದೆಲ್ಲ ತುರುಕ್ತಾರೆ.

ರಾಘು: ಹೌದು, ಸೈನಿಕರ ಎಲೆ ಕನಿಷ್ಠ 22 ಇರ್ಬೇಕು ಅಂತ ನಿಯಮ. 22ಕ್ಕೇ ನಿಲ್ಸು. 35 ತುಂಬಿದ್ರೆ ಒಳ್ಳೇದು ಕೈಗೆ ಬರೋದೇ ಅಪರೂಪ. ವಿಶೇಷ ಎಲೆ ಹತ್ತರವರೆಗೆ ಬಿಡ್ತಾರೆ, ನಾಲ್ಕೈದು ಸಾಕು. ಇನ್ನು ಬ್ಲೂ ಸ್ಟ್ರೈಪ್ಸ್ ಕಮಾಂಡೋ ಮೂರೂ ಕೂಡಿಸು. ಒಂದೊಂದು 4. ಮೂರು ಪಕ್ಕಪಕ್ಕ ಬಿದ್ರೆ ಒಂದೊಂದೂ ಮೂರು ಪಟ್ಟಾಗಿ 12, ಒಟ್ಟು 36. ಆ ಸಾಲಿಗೆ ಅಂಕ ಎರಡು ಪಟ್ಟು ಮಾಡೋ ಕಮಾಂಡರ್ಸ್ ಹಾರ್ನ್ ಎಲೆ ಊದಿದ್ರೆ 72. ಎದುರಾಳಿ ಮುಖ ನೋಡ್ಬೇಕು ಆಗ!

ಭಟ್ಟ: ಎದುರಾಳಿ ಸ್ಕಾರ್ಚ್ ಹಾಕಿದ್ರೆ ನಿನ್ನ ಮುಖ ನೋಡ್ಬೇಕು.

ರಾಘು: ...ಅದೂ ನಿಜ. ಸ್ಕಾರ್ಚ್ ಅಂದ್ರೆ ಮೈದಾನದಲ್ಲಿ ಎಲ್ಲಕ್ಕಿಂತ ದೊಡ್ಡ ಅಂಕ ಇರೋದನ್ನ ಸುಡುತ್ತೆ. ಮೂರಕ್ಕೂ ಒಂದೇ ಅಂಕ ಇದ್ರೆ ಮೂರೂ ಬೂದಿ. ಅದಕ್ಕೆ ಮೂರನೇ ಕಮಾಂಡೋನ ಎದುರಾಳಿ ಪಾಸ್ ಅಂದ್ಮೇಲೆ ಇಳಿಸು. ಹೀರೋ ಎಲೆಗಳಿಗೆ ಮಾತ್ರ ಸ್ಕಾರ್ಚೂ ತಟ್ಟಲ್ಲ, ಮಳೆ ಮಂಜು ಹಿಮವೂ ತಟ್ಟಲ್ಲ. ಹಾಗೇ ಹಾರ್ನ್ ಕೂಡ ತಟ್ಟಲ್ಲ, ನೆನಪಿರ್ಲಿ. ಹೀರೋಗಳ ಸಾಲಿಗೆ ಹಾರ್ನ್ ಊದೋದು ಕಿವುಡನ ಮುಂದೆ ಕಿನ್ನರಿ.

ಚೇತು: ಇಷ್ಟಾಗಿಯೂ ಸೋತ್ರೆ?

ಪಮ್ಮಿ: ಆಪ್ಷನ್ಸ್‌ನಲ್ಲಿ ಗ್ವೆಂಟ್‌ಗೇ ಬೇರೆ ಡಿಫಿಕಲ್ಟಿ ಇದೆ, ಈಸಿ ಮಾಡ್ಕೋ. ಕತ್ತಿ ಕಾಳಗ ಕಷ್ಟದಲ್ಲೇ ಇರ್ಲಿ, ಮಾನ ಉಳಿಯುತ್ತೆ. ವ್ಯಾಪಾರಿಗಳ ಹತ್ರ ಎಲೆ ಸಿಗೋದು ಮೊದಲ ಗೆಲುವಿಗೆ ಮಾತ್ರ. ಎರಡನೇ ಸಲ ಅದೇ ಕಮ್ಮಾರನ ಪ್ರಾಣ ತಿನ್ಬೇಡ. ಹೆಂಡದಂಗಡಿಯವರ ಹತ್ರ ಕೊಂಡ್ಕೊಳ್ಳೋ ಎಲೆಗಳೂ ಇರುತ್ವೆ. ದುಡ್ಡಾದ ಕೂಡ್ಲೆ ಮೊದಲು ಅವನ್ನ ತಗೋ, ಕಟ್ಟು ಗಟ್ಟಿಯಾಗುತ್ತೆ.

ಭಟ್ಟ: ಎಲೆ ಸಾಕು ಮಾರಾಯ. ಪೆಟ್ಟಿಗೆಗಳ ವಿಷ್ಯ ಹೇಳಿ.

ಪಮ್ಮಿ: ನೆಲದ ಮೇಲಿನ ಚಿಹ್ನೆಗಳಿಗೆ ಹೋಗು, ಬೆಲೆ ಇದೆ. ಅದ್ರಲ್ಲೂ ವಿಚರ್ ಪಂಥಗಳ ಕತ್ತಿ ಕವಚಗಳ ನಕ್ಷೆ ಹುಡುಕು. ವೈಪರ್ ಕತ್ತಿಗಳ ನಕ್ಷೆ ವೈಟ್ ಆರ್ಚರ್ಡ್‌ನಲ್ಲೇ ಇದೆ, ಎರಡನೇ ಲೆವೆಲ್‌ಗೇ ಹಿಡೀಬಹುದು. ಗ್ರಿಫಿನ್ 11ಕ್ಕೆ, ವುಲ್ಫ್ 14ಕ್ಕೆ, ಕ್ಯಾಟ್ 17ಕ್ಕೆ, ಬೇರ್ 20ಕ್ಕೆ. ನಕ್ಷೆ ಮೊದಲೇ ಸಿಕ್ರೆ ತಗೊಂಡಿಟ್ಕೋ. ನಕ್ಷೆಗೆ ತೂಕ ಇಲ್ಲ, ಲೆವೆಲ್ ಬಂದಾಗ ಮಾಡಿಸ್ಕೊಂಡ್ರಾಯ್ತು.

ಚೇತು: ಗುಹೆಗೆ ಹೋದ್ರೆ ಗೋಡೆ ಅಡ್ಡ ಬರುತ್ತೆ, ದಾರಿನೇ ಇರಲ್ಲ.

ಪಮ್ಮಿ: ವಿಚರ್ ಸೆನ್ಸ್ ಬಟನ್ ಒತ್ತಿ ಹಿಡ್ಕೊಂಡು ಗೋಡೆ ನೋಡು. ಬಿರುಕು ಬಿಟ್ಟ ಜಾಗ ಕಂಡ್ರೆ ಆರ್ಡ್ ಹೊಡಿ, ಅದು ತಳ್ಳೋ ಮಂತ್ರ, ಗೋಡೆ ಕುಸಿಯುತ್ತೆ. ಹೊಗೆ ಥರ ಹಸಿರು ಅನಿಲ ತುಂಬಿರೋ ಕಡೆ ಬೆಂಕಿ ಮಂತ್ರ ಇಗ್ನಿ ಹಾಕ್ಬೇಕಾದ್ರೆ ಮಾತ್ರ ಹತ್ತು ಹೆಜ್ಜೆ ಹಿಂದೆ ನಿಲ್ಲು. ಬೆಂಕಿ ತಗಲಿದ್ರೆ ಸ್ಫೋಟ ಆಗುತ್ತೆ, ನಕ್ಷೆ ಪೆಟ್ಟಿಗೇಲಿ ಕ್ಷೇಮವಾಗಿರುತ್ತೆ, ನೀನಿರಲ್ಲ.

ಭಟ್ಟ: ಸ್ಕೆಲ್ಲಿಗೆ ಸಮುದ್ರದ ವಿಷ್ಯ ಹೇಳು. ಅದನ್ನ ಕೇಳೋಕೇ ಕೂತಿದ್ದೀನಿ.

ಪಮ್ಮಿ: ಹೋಗ್ಬೇಡ.

ಭಟ್ಟ: ಅಷ್ಟೇನಾ?

ಪಮ್ಮಿ: ಅಷ್ಟೇ. ಆ ದ್ವೀಪಗಳ ಸುತ್ತ ನೀರಿನ ಮೇಲೆ ರಾಶಿ ಚಿಹ್ನೆ. ಹೆಚ್ಚಿನವು ಕಳ್ಳಸಾಗಣೆಯವರು ಬಚ್ಚಿಟ್ಟ ಮಾಲು. ದೋಣೀಲಿ ಹೋಗು, ತೇಲ್ತಿರೋ ಪೀಪಾಯಿ ನೋಡು, ಮುಳುಗು, ಪೆಟ್ಟಿಗೆ ತೆಗಿ, ಹತ್ತು, ಮತ್ತೆ ಹೋಗು. ಮೇಲಿಂದ ಸೈರನ್ ಅನ್ನೋ ರೆಕ್ಕೆಯ ರಾಕ್ಷಸಿಯರು ಬಂದು ದೋಣಿ ಒಡೀತಾರೆ. ಸಿಗೋದು ಮಾರೋ ಗುಜರಿ. ಒಂದಾದ್ಮೇಲೆ ಒಂದು ಅದೇ. ಒಂದು ಕಥೆ ಇಲ್ಲ, ಒಂದು ಪತ್ರ ಇಲ್ಲ.

ರಾಘು: ಆದ್ರೂ ಹೋಗ್ತಾನೆ ನೋಡ್ತಿರು.

ಪಮ್ಮಿ: ಹೋಗೋದಾದ್ರೆ ಸರಿಯಾಗಿ ಹೋಗ್ಲಿ. ನೀರಲ್ಲಿ ಕತ್ತಿ ಬರಲ್ಲ, ಅಡ್ಡಬಿಲ್ಲೇ ಗತಿ. ಮೇಲೆ ಸೊಳ್ಳೆ ಕಚ್ಚಿದ ಹಾಗಿರೋ ಆ ಬಿಲ್ಲು ನೀರೊಳಗೆ ಮಾತ್ರ ಒಂದೇ ಬಾಣಕ್ಕೆ ಡ್ರೌನರ್ ಅನ್ನೋ ನೀರಿನ ಪಿಶಾಚಿನ ಮುಗಿಸುತ್ತೆ. ಹಾರೋ ಸೈರನ್‌ಗೂ ಒಂದು ಬಾಣ ತಗಲಿದ್ರೆ ಕೆಳಗೆ ಬೀಳುತ್ತೆ. ಉಸಿರು ಸಾಲದಿದ್ರೆ ಕಿಲ್ಲರ್ ವೇಲ್ ಕಷಾಯ ಕುಡಿ. ಕುದುರೆಗೆ ದೊಡ್ಡ ಚೀಲ ಹಾಕಿಸ್ಕೊಂಡೇ ಹೋಗು. ದೊಡ್ಡದು ಅಂದ್ರೆ ಜೆರಿಕಾನಿಯನ್, 100 ತೂಕ ಜಾಸ್ತಿ ಹೊರುತ್ತೆ. ಇಲ್ದಿದ್ರೆ ಎರಡು ಮೂರು ಪೆಟ್ಟಿಗೆಗೇ ಭಾರ ಮೀರಿ ಗೆರಾಲ್ಟ್ ಓಡೋದು ಬಿಟ್ಟು ತೆವಳೋಕೆ ಶುರು ಮಾಡ್ತಾನೆ. ತಂದ ಕತ್ತಿನ ಕಮ್ಮಾರನಿಗೆ, ಕವಚನ ಕವಚ ಮಾಡೋನಿಗೇ ಮಾರು. ಹೆಂಡದಂಗಡೀಲಿ ಮಾರಿದ್ರೆ ಮೂರು ಕಾಸು.

ಚೇತು: ದುಡ್ಡಿಗೆ ಸುಲಭದ ದಾರಿ ಇಲ್ವಾ? ಹಸು ಕೊಂದು ಚರ್ಮ ಮಾರ್ಬಹುದು ಅಂತ ಯಾರೋ ಅಂದ್ರು.

ಭಟ್ಟ: ಅಯ್ಯೋ ಶಿವ ಶಿವ.

ರಾಘು: ಮೊದಮೊದಲು ನಡೀತಿತ್ತು. ವೈಟ್ ಆರ್ಚರ್ಡ್‌ನಲ್ಲಿ ಹಸು ಕಡಿ, ಚರ್ಮ ತಗೋ, ಧ್ಯಾನಕ್ಕೆ ಕೂರು, ಎದ್ದಾಗ ಹಸುಗಳು ಮತ್ತೆ ಹಾಜರು. ಅದನ್ನ ನೋಡಿ ಆಟದವರು ಒಂದು ಅಪ್‌ಡೇಟ್‌ನಲ್ಲಿ ಚೋರ್ಟ್ ಅನ್ನೋ ಕೊಂಬಿನ ರಾಕ್ಷಸನ್ನ ತಂದು ಬಿಟ್ರು. ಹಸು ಜಾಸ್ತಿ ಕಡಿದ್ರೆ ಅದು ಬಂದು ನಿನ್ನನ್ನೇ ಗುಮ್ಮಿ ಕಳಿಸುತ್ತೆ.

ಪಮ್ಮಿ: ಅಷ್ಟಕ್ಕೇ ಬಿಡ್ಲಿಲ್ಲ. ‘ಹಾರ್ಟ್ಸ್ ಆಫ್ ಸ್ಟೋನ್’ ಅನ್ನೋ ಹೆಚ್ಚುವರಿ ಕಥಾಭಾಗ ಹಾಕಿದ್ರೆ ಆಕ್ಸೆನ್‌ಫರ್ಟ್ ಕಡೆ ಒಬ್ಬ ತೆರಿಗೆ ಅಧಿಕಾರಿ ಅಡ್ಡ ಹಾಕ್ತಾನೆ, ವಾಲ್ತೆಮೋರ್ ಮಿಟ್ಟಿ ಅಂತ. ಹಸು ಚರ್ಮ ಗುಡ್ಡೆಗಟ್ಟಲೆ ಮಾರಿದ್ಯಾ, ಚಿಪ್ಪು ಒಡೆದು ಮುತ್ತು ತೆಗೆದು ಮಾರಿದ್ಯಾ ಅಂತ ಒಂದೊಂದಾಗಿ ವಿಚಾರಣೆ.

ಭಟ್ಟ: ರಾಕ್ಷಸರನ್ನ ಕೊಲ್ಲೋನನ್ನ ನಡುಗಿಸೋಕೆ ಇನ್‌ಕಮ್ ಟ್ಯಾಕ್ಸೇ ಬೇಕಾಯ್ತು ನೋಡು.

ಚೇತು: ಆಮೇಲೆ ನೋವಿಗ್ರಾಡ್ ಊರಿನ ಪಾಸಿಫ್ಲೋರಾ ವೇಶ್ಯಾಗೃಹದ ಗ್ವೆಂಟ್ ಪಂದ್ಯ?

ರಾಘು: ‘ಹೈ ಸ್ಟೇಕ್ಸ್’. ಪ್ರವೇಶಕ್ಕೇ 1,000 ಕ್ರೌನ್. ನಾಲ್ಕು ಜನರನ್ನ ಸಾಲಾಗಿ ಸೋಲಿಸ್ಬೇಕು, ಒಬ್ಬನ ಹತ್ರ ಸೋತ್ರೂ ಆಚೆ ಕಳಿಸ್ತಾರೆ, ದುಡ್ಡು ವಾಪಸ್ ಇಲ್ಲ. ಅದಕ್ಕೆ ಪ್ರತಿ ಆಟಕ್ಕೂ ಮುಂಚೆ ಕೈಯಾರೆ ಸೇವ್ ಮಾಡು, ಆಟೋಸೇವ್ ನಂಬ್ಬೇಡ. ಸ್ಪೈ ಮೂರು, ಡಿಕಾಯ್ ಮೂರು, ಕಮಾಂಡೋ ಮೂರು ಕೂಡಿಸೋವರೆಗೆ ಆ ಕಡೆ ತಲೆ ಹಾಕ್ಬೇಡ.

ಚೇತು: ಟೂಸಾನ್‌ನಲ್ಲಿ ಸಿಗೋ ಸ್ಕೆಲ್ಲಿಗೆ ಕಟ್ಟು ಆ 120ಕ್ಕೆ ಸೇರುತ್ತಾ?

ರಾಘು: ಇಲ್ಲ. ಅದು ಟೂಸಾನ್ ನಾಡಿನ ಕಥೆ ಹೇಳೋ 2016ರ ಹೆಚ್ಚುವರಿ ಭಾಗ ‘ಬ್ಲಡ್ ಅಂಡ್ ವೈನ್’ ಜೊತೆ ಬಂದದ್ದು, ಅದಕ್ಕೆ ಬೇರೆ ಲೆಕ್ಕ. ಮೂರನೇ ಸುತ್ತಲ್ಲಿ ಸತ್ತ ಎಲೆಗಳಲ್ಲಿ ಎರಡು ತಾವಾಗೇ ಎದ್ದು ಬರುತ್ವೆ. ಅಲ್ಲಿನ ಜನಕ್ಕೆ ಈ ಕಟ್ಟು ಕಂಡ್ರೆ ಆಗಲ್ಲ, ಗ್ವೆಂಟ್ ಕೆಡಿಸ್ತು ಅಂತ ಗಲಾಟೆನೇ ಎಬ್ಬಿಸ್ತಾರೆ.

ಭಟ್ಟ: ಸರಿ, ಈ ನೂರಿಪ್ಪತ್ತೂ ಕೂಡಿಸೋದ್ರೊಳಗೆ ಸಿರಿ ಕಥೆ ಏನಾಗಿರುತ್ತೆ?

ಪಮ್ಮಿ: ಏನೂ ಆಗಲ್ಲ. ನೀನು ಮುಖ್ಯ ಕ್ವೆಸ್ಟ್ ಮುಟ್ಟೋವರೆಗೂ ವೈಲ್ಡ್ ಹಂಟ್ ಪಾಪ, ಕುದುರೆ ಕಟ್ಟಿ ಕಾಯ್ತಾ ಇರ್ತಾರೆ.